ತಂತಿಯ ಮೇಲಿನ ಯುದ್ಧಕ್ಕೆ ಧರ್ಮವುಂಟೆ?

ಗುಂಡ್ಲುಪೇಟೆಯಿಂದ ಸುಲ್ತಾನ್ ಬತ್ತೇರಿಯ ಕಡೆಗೆ ಹೋಗುವ ಹೆದ್ದಾರಿಯನ್ನು ರಾತ್ರಿ ಒಂಬತ್ತು ಗಂಟೆಗೆ ಮುಚ್ಚುತ್ತಾರೆ. ಬಂಡೀಪುರದ ಕಾಡುಪ್ರಾಣಿಗಳ ನೆಮ್ಮದಿಗಾಗಿ ೨೦೦೯ರಲ್ಲಿ ಬಂದ ಏರ್ಪಾಡು ಅದು. ತರಕಾರಿ ಹೊತ್ತ ಲಾರಿ ತಡವಾಗಿ ಬಂತೆಂದರೆ ಮದ್ದೂರಿನ ಚೆಕ್‌ಪೋಸ್ಟಿನಲ್ಲಿ (ಮಂಡ್ಯದ ಮದ್ದೂರಲ್ಲ, ನಮ್ಮ ಮದ್ದೂರು) ಬೆಳಗಿನ ಆರು ಗಂಟೆಯವರೆಗೆ ಕಾಯಬೇಕು. ಚಾಲಕ ಅಲ್ಲಿಯೇ ಟೀ ಕುಡಿದು, ಸೀಟಿನ ಮೇಲೆ ಕಾಲು ಚಾಚಿ, ಕೇರಳದ ವ್ಯಾಪಾರಿಗೆ ಮೊಬೈಲಿನಲ್ಲಿ ಸುದ್ದಿ ಕಳುಹಿಸುತ್ತಾನೆ. ಲಾರಿ ದಾಟಲಾರದ ಕಾಡನ್ನು ಆ ಸುದ್ದಿ ಕಣ್ಣು ಮಿಟುಕಿಸುವಷ್ಟರಲ್ಲಿ ದಾಟಿರುತ್ತದೆ. ಅದಕ್ಕೆ ಗೇಟಿಲ್ಲ, ಹೊತ್ತುಗೊತ್ತಿಲ್ಲ.

ಈ ಗೇಟಿಲ್ಲದ ದಾರಿಯಲ್ಲಿ ಸುದ್ದಿಗೆ ಬದಲಾಗಿ ಕೇಡು ಬಂದರೆ? ಅದೂ ಪರದೇಶದಿಂದ ಬಂದರೆ? ಅದನ್ನು ಯುದ್ಧವೆನ್ನಬೇಕೆ, ಭಯೋತ್ಪಾದನೆಯೆನ್ನಬೇಕೆ, ಬರಿಯ ಕಳ್ಳತನವೆನ್ನಬೇಕೆ? ಈ ಪ್ರಶ್ನೆಯನ್ನು ನನ್ನ ಮುಂದೆ ತಂದವನು ಚಾಮರಾಜನಗರದಲ್ಲಿ ನನ್ನ ಬಳಿ ಕನ್ನಡ ಓದುವ ಒಬ್ಬ ವಿದ್ಯಾರ್ಥಿ. ಅಂದು ತರಗತಿಯಲ್ಲಿ ರನ್ನನ ಗದಾಯುದ್ಧದ ಪಾಠ ನಡೆದಿತ್ತು. ನಾಭಿಯಿಂದ ಕೆಳಗೆ ಹೊಡೆಯಕೂಡದೆಂಬುದು ಗದಾಯುದ್ಧದ ಧರ್ಮ; ಭೀಮ ಹೊಡೆದದ್ದು ತೊಡೆಗೆ. ಅದು ಸರಿಯೋ ತಪ್ಪೋ ಎಂದು ಹುಡುಗರು ಜಗಳಕ್ಕೇ ನಿಂತಿದ್ದರು. ಆಗ ಅವನು ಎದ್ದು ಕೇಳಿದ: “ಸಾರ್, ಗದೆಗಾದರೆ ಒಂದು ನಿಯಮವಿತ್ತು. ಕಂಪ್ಯೂಟರಿನಲ್ಲಿ ಮಾಡುವ ಯುದ್ಧಕ್ಕೆ ಯಾವ ನಿಯಮವಿದೆ?” ನಾನು ಕನ್ನಡದ ಮೇಷ್ಟರು. ನಾಳೆ ಹೇಳುತ್ತೇನೆಂದು ಜಾರಿಕೊಂಡೆ. ಆ ನಾಳೆ ಬರಲು ಕೆಲವು ತಿಂಗಳ ಓದು ಬೇಕಾಯಿತು.

ನಿಯಮವಿದೆ. ಒಂದು ರಾಷ್ಟ್ರ ಇನ್ನೊಂದರ ಮೇಲೆ ಬಲಪ್ರಯೋಗ ಮಾಡಕೂಡದೆಂದು ೧೯೪೫ರ ವಿಶ್ವಸಂಸ್ಥೆಯ ಸನ್ನದು ವಿಧಿಸಿದೆ. ಸಶಸ್ತ್ರ ಆಕ್ರಮಣವಾದರೆ ಆತ್ಮರಕ್ಷಣೆಯ ಹಕ್ಕುಂಟೆಂದು ಅದರ ೫೧ನೆಯ ವಿಧಿ ಹೇಳುತ್ತದೆ. ಆಗ ಗಣಕಯಂತ್ರದ ಮಾತೆಲ್ಲಿತ್ತು ಎಂದು ವಾಚಕರು ಕೇಳಬಹುದು. ೧೯೯೬ರಲ್ಲಿ ಅಣ್ವಸ್ತ್ರಗಳ ವಿಷಯವಾಗಿ ಅಭಿಪ್ರಾಯ ಕೊಡುವಾಗ ಹೇಗ್ ನಗರದ ಅಂತರರಾಷ್ಟ್ರೀಯ ನ್ಯಾಯಾಲಯ ಈ ಸಂಶಯವನ್ನು ಪರಿಹರಿಸಿತು: ಬಳಸಿದ ಆಯುಧ ಯಾವುದೇ ಆಗಿರಲಿ, ಬಲಪ್ರಯೋಗಕ್ಕೆ ಈ ವಿಧಿಗಳು ಅನ್ವಯಿಸುತ್ತವೆ. ೨೦೧೩ರಲ್ಲಿ ವಿಶ್ವಸಂಸ್ಥೆಯ ಸರ್ಕಾರಿ ತಜ್ಞರ ಮಂಡಲಿಯೂ ಅಂತರರಾಷ್ಟ್ರೀಯ ನ್ಯಾಯ ಗಣಕಜಾಲಕ್ಕೂ ಸಲ್ಲುತ್ತದೆಂದು ಒಪ್ಪಿತು. ಎಸ್ಟೋನಿಯ ದೇಶದ ಬ್ಯಾಂಕು, ಪತ್ರಿಕೆ, ಸರ್ಕಾರಿ ಕಚೇರಿಗಳ ಜಾಲಗಳು ೨೦೦೭ರಲ್ಲಿ ಒಟ್ಟೊಟ್ಟಿಗೆ ಕುಸಿದ ಮೇಲೆ, ಅದರ ರಾಜಧಾನಿ ಟಾಲಿನ್ನಿನ ಹೆಸರು ಹೊತ್ತ ಒಂದು ಕೈಪಿಡಿಯನ್ನೂ ವಿದ್ವಾಂಸರು ರಚಿಸಿದ್ದಾರೆ. ಅದು ಯಾವ ರಾಷ್ಟ್ರವನ್ನೂ ಕಟ್ಟಿಹಾಕುವ ಶಾಸನವಲ್ಲ, ನಮ್ಮ ಕಾವ್ಯಗಳಿಗೆ ಟೀಕೆಯಿದ್ದಂತೆ. ೨೦೧೦ರಲ್ಲಿ ಬಯಲಾದ ‘ಸ್ಟಕ್ಸ್‌ನೆಟ್’ ಇರಾನಿನ ನತಾಂಜ್ ಸ್ಥಾವರದ ಯಂತ್ರಗಳನ್ನು ನಿಜವಾಗಿಯೇ ಮುರಿದುಹಾಕಿತ್ತು. ಅದು ಬಲಪ್ರಯೋಗವೇ ಎಂದು ಆ ವಿದ್ವಾಂಸರು ಒಮ್ಮತದಿಂದ ಹೇಳಿದರು.

ಎಂದ ಮೇಲೆ ನೋಡಬೇಕಾದದ್ದು ಆಯುಧವನ್ನಲ್ಲ, ಆದ ಗಾಯವನ್ನು. ಆದರೆ ಕಣ್ಣಿಗೆ ಕಾಣದ ಗಾಯಗಳೂ ಉಂಟು.

೨೦೧೨ರ ಆಗಸ್ಟಿನಲ್ಲಿ ನಾನು ಮೈಸೂರಿನ ಮಾನಸಗಂಗೋತ್ರಿಯಲ್ಲಿ ಎಂ.ಎ. ವಿದ್ಯಾರ್ಥಿ. ಅಸ್ಸಾಮಿನ ಕೋಕ್ರಝಾರ್ ಕಡೆಯ ಗಲಭೆಗೆ ಇಲ್ಲಿ ಸೇಡು ತೀರಿಸಿಕೊಳ್ಳುವರೆಂಬ ವದಂತಿ ಎಸ್.ಎಂ.ಎಸ್. ಮೂಲಕ ಹಬ್ಬಿತು. ಎಲ್ಲಿಯೋ ನಡೆದ ಅನಾಹುತಗಳ ಚಿತ್ರಗಳು ಅಸ್ಸಾಮಿನವೆಂಬ ಹೆಸರಿನಲ್ಲಿ ಓಡಾಡಿದವು. ಬೆಂಗಳೂರಿನ ರೈಲುನಿಲ್ದಾಣದಲ್ಲಿ ಈಶಾನ್ಯ ರಾಜ್ಯಗಳ ಸಾವಿರಾರು ಜನ ಸೇರಿದರು. ಗುವಾಹಟಿಗೆ ವಿಶೇಷ ರೈಲುಗಳನ್ನು ಬಿಡಬೇಕಾಯಿತು. ನಮ್ಮ ಹಾಸ್ಟೆಲಿನಲ್ಲಿದ್ದ ಆ ಕಡೆಯ ಇಬ್ಬರು ಗೆಳೆಯರು ಒಂದು ಸಂಜೆ ಪೆಟ್ಟಿಗೆ ಕಟ್ಟಿದರು. ನಾವಿದ್ದೇವಲ್ಲ, ಹೋಗಬೇಡಿ ಎಂದೆವು. ಅವರು ನಮ್ಮನ್ನು ನಂಬಲಿಲ್ಲವೆಂದಲ್ಲ. ಊರಿನಲ್ಲಿ ಅಳುತ್ತಿದ್ದ ತಾಯಂದಿರಿಗೆ ಏನು ಹೇಳಬೇಕೋ ಅವರಿಗೆ ತೋಚಲಿಲ್ಲ. ಒಬ್ಬ ತಿಂಗಳ ಮೇಲೆ ಹಿಂದಿರುಗಿ ಪರೀಕ್ಷೆ ಬರೆದ. ಇನ್ನೊಬ್ಬನ ಹೆಸರನ್ನು ಹಾಜರಿ ಪುಸ್ತಕದಿಂದ ತೆಗೆದುಹಾಕಿದರು.

ಕೇಂದ್ರ ಸರ್ಕಾರ ಆಗಸ್ಟ್ ೧೭ರಂದು, ಒಮ್ಮೆಗೆ ಐದಕ್ಕಿಂತ ಹೆಚ್ಚು ಜನರಿಗೆ ಸಂದೇಶ ಕಳುಹಿಸದಂತೆ ಹದಿನೈದು ದಿನಗಳ ನಿರ್ಬಂಧ ಹಾಕಿತು. ವದಂತಿಯ ಬಹುಭಾಗ ಪಾಕಿಸ್ತಾನದಿಂದ ಬಂದದ್ದೆಂದು ಮರುದಿನ ಗೃಹ ಕಾರ್ಯದರ್ಶಿಗಳು ಹೇಳಿದರು. ಸಾಕ್ಷ್ಯ ಕೊಡಿ ಎಂದಿತು ಪಾಕಿಸ್ತಾನ. ಮಾತು ಅಲ್ಲಿಗೇ ನಿಂತಿತು. ಇದನ್ನು ಸಶಸ್ತ್ರ ಆಕ್ರಮಣವೆಂದು ಹೇಳಲು ನ್ಯಾಯಶಾಸ್ತ್ರ ಒಪ್ಪುವುದಿಲ್ಲ. ಯಂತ್ರ ಮುರಿಯಲಿಲ್ಲ, ಗುಂಡು ಹಾರಲಿಲ್ಲ. ಒಪ್ಪದಿರುವುದೇ ಒಳ್ಳೆಯದೆಂದು ನನ್ನ ಎಣಿಕೆ. ಪ್ರತಿಯೊಂದು ವದಂತಿಗೂ ೫೧ನೆಯ ವಿಧಿಯನ್ನು ಎತ್ತಿ ತೋಪು ಹಾರಿಸಲು ಹೊರಟರೆ ನೆರೆಹೊರೆಯ ರಾಷ್ಟ್ರಗಳಿಗೆ ವರ್ಷದಲ್ಲಿ ಒಂದು ದಿನವೂ ಶಾಂತಿಯಿರದು. ಆದರೆ ನೆರೆಯವರ ಆಂತರಿಕ ವ್ಯವಹಾರದಲ್ಲಿ ಬಲವಂತವಾಗಿ ಕೈಹಾಕಬಾರದೆಂಬ ಬೇರೆ ನಿಯಮವಿದೆ. ಅದನ್ನು ಹಿಡಿದು ಕೇಳಬೇಕಾದರೆ ಆ ಕೈ ಯಾರದೆಂದು ಮೊದಲು ತೋರಿಸಬೇಕು. ವೈಶಂಪಾಯನ ಸರೋವರದಲ್ಲಿ ಅಡಗಿದವನನ್ನು ಭೀಮ ಮೂದಲಿಸಿ ಎಬ್ಬಿಸಿದನೇನೋ ನಿಜ. ಸರೋವರ ಯಾವುದೆಂದು ತಿಳಿದದ್ದರಿಂದ ತಾನೆ?

ಈ ತೊಡಕಿಗೆ ಬೆಳಕು ತೋರುವ ಒಂದು ಹಳೆಯ ವ್ಯಾಜ್ಯ ನನಗೆ ಬಹಳ ಹಿಡಿಸಿತು. ೧೯೪೬ರ ಅಕ್ಟೋಬರ್ ೨೨ರಂದು ಕಾರ್ಫು ಜಲಸಂಧಿಯೊಳಗೆ ಅಲ್ಬೇನಿಯಕ್ಕೆ ಸೇರಿದ ನೀರಿನಲ್ಲಿ ಬ್ರಿಟನ್ನಿನ ಎರಡು ಯುದ್ಧನೌಕೆಗಳು ನೀರಿನಡಿಯ ಸಿಡಿಗುಂಡುಗಳಿಗೆ ತಾಗಿ ನಲವತ್ತಕ್ಕೂ ಹೆಚ್ಚು ನಾವಿಕರು ಸತ್ತರು. ಗುಂಡುಗಳನ್ನು ಇಟ್ಟವರು ಯಾರು? ಅದು ಕೊನೆಗೂ ರುಜುವಾತಾಗಲಿಲ್ಲ. ಆದರೂ ೧೯೪೯ರಲ್ಲಿ ನ್ಯಾಯಾಲಯ ಅಲ್ಬೇನಿಯವನ್ನು ಹೊಣೆ ಮಾಡಿತು. ನಿನ್ನ ನೀರು, ನಿನ್ನ ಕಾವಲು, ನಿನಗೆ ಗೊತ್ತಿಲ್ಲದೆ ಇದು ನಡೆದಿರಲಾರದು, ಗೊತ್ತಿದ್ದೂ ಎಚ್ಚರಿಸಲಿಲ್ಲ, ತನ್ನ ನೆಲವನ್ನು ಪರರ ಹಕ್ಕಿಗೆ ಕೇಡಾಗುವಂತೆ ಬಳಸಲು ಯಾವ ರಾಷ್ಟ್ರವೂ ತಿಳಿದು ತಿಳಿದು ಬಿಡಬಾರದು ಎಂಬುದು ತೀರ್ಪಿನ ತಾತ್ಪರ್ಯ. ನಮ್ಮ ಹಳ್ಳಿಗಳಲ್ಲಿಯೂ ಬೆಂಕಿಯಿಟ್ಟವನು ಸಿಗದಿದ್ದಾಗ, ಬೆಂಕಿ ನಿನ್ನ ಹೊಲದಿಂದಲೇ ಬಂತಲ್ಲಪ್ಪ, ನೀನೇಕೆ ಕೂಗಲಿಲ್ಲ ಎಂದು ಕೇಳುವುದುಂಟು.

ಆ ತೀರ್ಪಿಗೆ ಇನ್ನೊಂದು ಮುಖವಿದೆ. ಬ್ರಿಟಿಷರು ಅದೇ ವರ್ಷದ ನವೆಂಬರಿನಲ್ಲಿ ಒಪ್ಪಿಗೆಯಿಲ್ಲದೆ ಅಲ್ಬೇನಿಯದ ನೀರಿಗೆ ನುಗ್ಗಿ, ಸಾಕ್ಷ್ಯಕ್ಕೆಂದು ಗುಂಡುಗಳನ್ನು ಬಾಚಿ ತಂದಿದ್ದರು. ಅದು ಅಲ್ಬೇನಿಯದ ಸಾರ್ವಭೌಮತ್ವದ ಉಲ್ಲಂಘನೆಯೆಂದು ನ್ಯಾಯಾಲಯ ಹೇಳಿತು. ನಮ್ಮ ಗಣಕಕ್ಕೆ ನುಗ್ಗಿದವನ ಗಣಕಕ್ಕೆ ನಾವೂ ನುಗ್ಗಿಬಿಡೋಣ ಎಂದು ಆವೇಶದಿಂದ ಬರೆಯುವ ನಮ್ಮ ಕೆಲವು ಲೇಖಕರು ಈ ಭಾಗವನ್ನೂ ಓದುವುದು ಒಳ್ಳೆಯದು.

ಇನ್ನು ಚಾಮರಾಜನಗರದವರಿಗೆ ಎದೆಗೆ ತಾಗುವ ಮಾತು. ೨೦೨೧ರ ಮೇ ತಿಂಗಳ ಮೊದಲ ವಾರದಲ್ಲಿ, ಕೊರೋನಾದ ಎರಡನೆಯ ಅಲೆಯಲ್ಲಿ, ಇಲ್ಲಿನ ಜಿಲ್ಲಾ ಆಸ್ಪತ್ರೆಯಲ್ಲಿ ಒಂದು ರಾತ್ರಿ ಆಮ್ಲಜನಕ ಮುಗಿಯಿತು. ಒಂದು ದಿನದ ಅವಧಿಯಲ್ಲಿ ೨೪ ಮಂದಿ ರೋಗಿಗಳು ಅಸುನೀಗಿದರು. ಅದರಲ್ಲಿ ಯಾವ ಪರದೇಶದ ಕೈಯೂ ಇರಲಿಲ್ಲ, ಯಾವ ಗಣಕದ ಕಪಟವೂ ಇರಲಿಲ್ಲ. ಆದರೆ ಆಸ್ಪತ್ರೆಯ ಉಸಿರು ನಿಂತರೆ ಏನಾಗುತ್ತದೆಂಬುದನ್ನು ಈ ಊರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ೨೦೨೨ರ ನವೆಂಬರ್ ೨೩ರಂದು ದೆಹಲಿಯ ಏಮ್ಸ್ ಆಸ್ಪತ್ರೆಯ ಗಣಕಗಳಿಗೆ ಯಾರೋ ಬೀಗ ಜಡಿದರು. ಐದು ಸರ್ವರುಗಳು ಕೆಟ್ಟವು. ನೋಂದಣಿ, ರಕ್ತಪರೀಕ್ಷೆಯ ವರದಿ ಎಲ್ಲವನ್ನೂ ದಿನಗಟ್ಟಲೆ ಕೈಯಲ್ಲಿ ಬರೆಯಬೇಕಾಯಿತು. ದೆಹಲಿ ಪೊಲೀಸರು ಸುಲಿಗೆಯ ಜೊತೆಗೆ ಸೈಬರ್ ಭಯೋತ್ಪಾದನೆಯ ಮೊಕದ್ದಮೆಯನ್ನೂ ಹೂಡಿದರು.

ನಾಗರಿಕ ಆಸ್ಪತ್ರೆಯನ್ನು ಎಂಥ ಸಂದರ್ಭದಲ್ಲಿಯೂ ಆಕ್ರಮಿಸಕೂಡದೆಂದು ೧೯೪೯ರ ನಾಲ್ಕನೆಯ ಜಿನೀವಾ ಒಪ್ಪಂದದಲ್ಲಿ ಸ್ಪಷ್ಟವಾಗಿ ಬರೆದಿದೆ. ಭಾರತವೂ ಅದಕ್ಕೆ ಬದ್ಧ. ಆದರೆ ಆ ಕವಚ ದೊರೆಯುವುದು ಯುದ್ಧ ನಡೆದಿರುವಾಗ. ವಿಚಿತ್ರವೆಂದರೆ ಶಾಂತಿಯ ದಿನಗಳಲ್ಲಿ ಅದೇ ಆಸ್ಪತ್ರೆಗೆ ಮುಖ್ಯ ಆಸರೆ ನಮ್ಮದೇ ಕಾನೂನು. ೨೦೦೦ದ ಮಾಹಿತಿ ತಂತ್ರಜ್ಞಾನ ಅಧಿನಿಯಮಕ್ಕೆ ೨೦೦೮ರ ತಿದ್ದುಪಡಿಯಲ್ಲಿ ೬೬ ಎಫ್ ಎಂಬ ವಿಧಿ ಸೇರಿತು. ಜನರಲ್ಲಿ ಭೀತಿ ಹುಟ್ಟಿಸುವ ಉದ್ದೇಶದಿಂದ ಗಣಕವನ್ನು ಕೆಡಿಸಿ ಸಾವುನೋವಿಗೆ, ಜನಜೀವನಕ್ಕೆ ಅಗತ್ಯವಾದ ಸೇವೆಯ ಭಂಗಕ್ಕೆ ಕಾರಣನಾದವನಿಗೆ ಜೀವಾವಧಿಯವರೆಗೆ ಸೆರೆವಾಸ. ಅಪರಾಧಿ ಹೊರದೇಶದಲ್ಲಿದ್ದು ಗಣಕ ಭಾರತದಲ್ಲಿದ್ದರೂ ಕಾನೂನು ಅನ್ವಯಿಸುತ್ತದೆಂದು ೭೫ನೆಯ ವಿಧಿ ಹೇಳುತ್ತದೆ. ಕಾನೂನಿನ ಮಾತು ಗಡಿ ದಾಟೀತು. ಪೊಲೀಸಿನವರ ಜೀಪು ದಾಟಲಾರದು.

ಅವನನ್ನು ಒಪ್ಪಿಸಿ ಎಂದು ಲೋಕವನ್ನೇ ಕೇಳೋಣವೆಂದರೆ ಭಯೋತ್ಪಾದನೆ ಎಂದರೇನೆಂಬುದರಲ್ಲಿಯೇ ರಾಷ್ಟ್ರಗಳಿಗೆ ಒಮ್ಮತವಿಲ್ಲ. ಭಾರತ ೧೯೯೬ರಲ್ಲಿ ವಿಶ್ವಸಂಸ್ಥೆಯ ಮುಂದಿಟ್ಟ ಸಮಗ್ರ ಒಪ್ಪಂದದ ಕರಡು ಇಂದಿಗೂ ಅಂಗೀಕಾರವಾಗಿಲ್ಲ. ಸೈಬರ್ ಅಪರಾಧದ ವಿಷಯದಲ್ಲಿ ಮಾತ್ರ ಕೊಂಚ ಚಲನೆಯಿದೆ. ೨೦೦೧ರ ಬುಡಾಪೆಸ್ಟ್ ಒಪ್ಪಂದದ ರಚನೆಯಲ್ಲಿ ಪಾಲಿರಲಿಲ್ಲವಾಗಿ ಭಾರತ ಅದರಿಂದ ದೂರವೇ ಉಳಿಯಿತು. ೨೦೨೪ರ ಡಿಸೆಂಬರ್ ೨೪ರಂದು ವಿಶ್ವಸಂಸ್ಥೆಯ ಮಹಾಸಭೆ ಹೊಸದೊಂದು ಒಪ್ಪಂದವನ್ನು ಅಂಗೀಕರಿಸಿತು; ೪೦ ರಾಷ್ಟ್ರಗಳು ಅನುಮೋದಿಸಿ ತೊಂಬತ್ತು ದಿನ ಕಳೆದ ಮೇಲೆ ಅದು ಜಾರಿಗೆ ಬರತಕ್ಕದ್ದು. ಹಗಲಿರುಳೂ ತೆರೆದಿರುವ ಒಂದು ಸಂಪರ್ಕ ಕೇಂದ್ರವನ್ನು ಪ್ರತಿಯೊಂದು ಸದಸ್ಯ ರಾಷ್ಟ್ರವೂ ಇಡಬೇಕೆಂಬ ವಿಧಿ ಅದರಲ್ಲಿದೆ. ಭಾರತವೂ ಸೇರಿದಲ್ಲಿ, ಚಾಮರಾಜನಗರದ ಸೈಬರ್ ಠಾಣೆಯಲ್ಲಿ ರಾತ್ರಿ ಹತ್ತಕ್ಕೆ ದಾಖಲಾದ ದೂರಿನ ಸಾಕ್ಷ್ಯ ಅಳಿಸಿಹೋಗುವ ಮೊದಲೇ, ದೆಹಲಿಯ ಮೂಲಕ ಅದನ್ನು ಹೊರದೇಶದಲ್ಲಿ ಹಿಡಿದಿಡಿಸಲು ಒಂದು ದಾರಿಯಾದರೂ ಇರುತ್ತದೆ. ಮದ್ದೂರಿನ ಗೇಟು ಆ ಹೊತ್ತಿಗೆ ಮುಚ್ಚಿ ಒಂದು ಗಂಟೆಯಾಗಿರುತ್ತದೆ.