ಬಾವಿ ತೋಡಿದ ಕೈಗಳು ಹುಟ್ಟು ಹಿಡಿದಾಗ



ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡದ ಮನೆಗಳಲ್ಲಿ ನೀರಿನ ಬೆಲೆಯನ್ನು ಯಾರಿಗೂ ಹೇಳಿಕೊಡಬೇಕಾಗಿಲ್ಲ. ಮಳೆ ಕೈಕೊಟ್ಟರೆ ಕಡಲೆಕಾಯಿ ಗಿಡ ಹೊಲದಲ್ಲೇ ಒಣಗುತ್ತದೆ. ಜಯಮಂಗಲಿ ನದಿ ಎನ್ನುತ್ತೇವೆ. ವರ್ಷದ ಬಹುಪಾಲು ಅಲ್ಲಿ ಕಾಣುವುದು ಮರಳು. ಪಾವಗಡದಲ್ಲಿ ಕೊಳವೆಬಾವಿಯಲ್ಲಿ ನೀರು ಸಿಕ್ಕಿತೆಂದು ಸಂತೋಷಪಡುವಷ್ಟರಲ್ಲಿ ಅದರಲ್ಲಿ ಫ್ಲೋರೈಡ್ ಇದೆಯೆಂಬ ಚಿಂತೆ. ಇಂಥ ಊರಿನ ತಾಯಿಯ ಬಳಿ ಯಾರಾದರೂ ಬಂದು, “ನಿಮ್ಮ ಮಗ ದೋಣಿ ಸ್ಪರ್ಧೆಯಲ್ಲಿ ದೇಶಕ್ಕೆ ಚಿನ್ನ ತರಬಲ್ಲ” ಎಂದರೆ ಆಕೆ ಏನು ಹೇಳಿಯಾಳು? “ಕುಡಿಯೋಕೇ ನೀರಿಲ್ಲ, ದೋಣಿ ಎಲ್ಲಿ ಬಿಡೋದು?” ಎಂದು ನಕ್ಕುಬಿಡುತ್ತಾಳೆ.

ನಗುವ ಮೊದಲು ದತ್ತು ಭೋಕನಾಳ್ ಎಂಬ ಯುವಕನ ಬದುಕನ್ನೊಮ್ಮೆ ನೋಡೋಣ.

ಬರದ ಊರಿನ ಮಗ

ಮಹಾರಾಷ್ಟ್ರದ ನಾಸಿಕ್ ಜಿಲ್ಲೆಯ ಚಾಂದವಡ ತಾಲೂಕಿನಲ್ಲಿ ತಳೇಗಾಂವ್ ರೋಹಿ ಎಂಬ ಹಳ್ಳಿಯಿದೆ. ನಮ್ಮ ಸೀಮೆಯಂತೆಯೇ ಬರಕ್ಕೆ ಒಗ್ಗಿಕೊಂಡ ನೆಲ. 1991ರಲ್ಲಿ ದತ್ತು ಹುಟ್ಟಿದ್ದು ಅಲ್ಲಿ. ತಂದೆ ಬಾವಿ ತೋಡುವ ಕೂಲಿ. ಓದುವ ವಯಸ್ಸಿನಲ್ಲೇ ಮಗನೂ ತಂದೆಯ ಜೊತೆ ಹಾರೆ ಗುದ್ದಲಿ ಹಿಡಿದ. ನೀರು ಕಾಣಲು ಎಷ್ಟು ಅಡಿ ಇಳಿಯಬೇಕು ಎಂಬುದನ್ನು ಆ ಹುಡುಗ ಪುಸ್ತಕದಿಂದ ಕಲಿಯಲಿಲ್ಲ.

2011ರ ಕೊನೆಗೆ ತಂದೆ ಮೂಳೆ ಕ್ಯಾನ್ಸರಿನಿಂದ ತೀರಿಕೊಂಡರು. ಮನೆಯ ಭಾರ ಹಿರಿಯ ಮಗನ ಹೆಗಲಿಗೆ ಬಿತ್ತು. ಪೆಟ್ರೋಲ್ ಬಂಕಿನಲ್ಲಿ ದುಡಿಯುತ್ತಲೇ ಓದು ಸಾಗಿಸಿದ ದತ್ತು, 2012ರಲ್ಲಿ ಸೇನೆ ಸೇರಿದ. ಮನಸ್ಸಿನಲ್ಲಿದ್ದುದು ಪದಕವಲ್ಲ, ತಿಂಗಳ ಸಂಬಳ.

ದೋಣಿಯ ಪರಿಚಯ

ಪುಣೆಯಲ್ಲಿ ಸೇನೆಯ ದೋಣಿ ತರಬೇತಿ ಕೇಂದ್ರವಿದೆ. ಆರಡಿ ಮೀರಿದ ದತ್ತುವಿನ ಎತ್ತರ ಅಲ್ಲಿಯವರ ಕಣ್ಣಿಗೆ ಬಿತ್ತು. ಕುದ್ರತ್ ಅಲಿ ಎಂಬ ತರಬೇತುದಾರರು ಅವನನ್ನು ತಿದ್ದಿದರು. ನೀರೆಂದರೆ ಅಂಜುತ್ತಿದ್ದ ಹುಡುಗ ಇಪ್ಪತ್ತು ದಾಟಿದ ಮೇಲೆ ಹುಟ್ಟು ಹಾಕಲು ಕಲಿತ.

ಈ ಆಟವನ್ನು ಸ್ವಲ್ಪ ತಿಳಿದುಕೊಳ್ಳಿ. ಒಬ್ಬರೇ ಕೂರುವ ಸ್ಪರ್ಧೆಯ ದೋಣಿ ಸುಮಾರು 8 ಮೀಟರ್ ಉದ್ದವಿದ್ದರೂ ತೂಕ ಕೇವಲ 14 ಕಿಲೋ. ನಮ್ಮ ಅಡುಗೆ ಗ್ಯಾಸಿನ ತುಂಬಿದ ಸಿಲಿಂಡರಿನ ಅರ್ಧದಷ್ಟೂ ಇಲ್ಲ. ಓಟ 2000 ಮೀಟರ್. ನೋಡುವವರಿಗೆ ತೋಳಿನ ಆಟವೆನಿಸುತ್ತದೆ. ಆದರೆ ಕೂರುವ ಪೀಠ ಹಿಂದೆ ಮುಂದೆ ಜಾರುತ್ತದೆ, ಹೆಚ್ಚಿನ ಬಲ ಬರುವುದು ಕಾಲಿನಿಂದ. ಸ್ಪರ್ಧಿ ಗುರಿಗೆ ಬೆನ್ನು ಮಾಡಿ ಕೂರುತ್ತಾನೆ. ಅಭ್ಯಾಸದ ಒಂದು ದೊಡ್ಡ ಪಾಲು ನೆಲದ ಮೇಲೆಯೇ, ಎರ್ಗೋಮೀಟರ್ ಎಂಬ ಯಂತ್ರದಲ್ಲಿ ನಡೆಯುತ್ತದೆ. ಅಂದರೆ ಎತ್ತರ, ಕಾಲಿನ ಕಸುವು, ದೀರ್ಘ ಉಸಿರು, ದಣಿವನ್ನು ತಾಳುವ ಮನಸ್ಸು ಇವು ಮುಖ್ಯ. ಊರಿನಲ್ಲಿ ಕೆರೆ ತುಂಬಿರಲೇಬೇಕೆಂದಿಲ್ಲ. ಬಾವಿ ತೋಡಿದ ದೇಹ ಅಂಥ ದುಡಿಮೆಗೆ ಹೊಸದೇನಲ್ಲ.

ಗೆಲುವು, ನೋವು

2015ರ ಏಷ್ಯನ್ ಚಾಂಪಿಯನ್‌ಷಿಪ್‌ನಲ್ಲಿ ದತ್ತುವಿಗೆ ಬೆಳ್ಳಿ ಬಂತು. 2016ರಲ್ಲಿ ದಕ್ಷಿಣ ಕೊರಿಯಾದಲ್ಲಿ ನಡೆದ ಅರ್ಹತಾ ಸ್ಪರ್ಧೆಯಲ್ಲಿ ಎರಡನೆಯವನಾಗಿ ರಿಯೊ ಒಲಿಂಪಿಕ್ಸ್‌ಗೆ ಹೊರಟ. ಆ ವರ್ಷ ಈ ಆಟದಲ್ಲಿ ಭಾರತದಿಂದ ಹೋದವನು ಅವನೊಬ್ಬನೇ. ಅದೇ ಹೊತ್ತಿಗೆ ಮನೆಯಲ್ಲಿ ತಾಯಿ ಆಶಾ ಅಪಘಾತದಲ್ಲಿ ತಲೆಗೆ ಪೆಟ್ಟು ಬಿದ್ದು ನೆನಪು ಕಳೆದುಕೊಂಡಿದ್ದರು. ಮಗ ಒಲಿಂಪಿಕ್ಸ್‌ಗೆ ಹೋಗುತ್ತಿದ್ದಾನೆಂಬುದು ಹೆತ್ತವಳಿಗೇ ತಿಳಿಯದ ಸ್ಥಿತಿ. ಸಹೋದರಿಯರೇ, ಆ ಮಗನ ಎದೆಯ ಭಾರವನ್ನು ನೀವೇ ಊಹಿಸಿಕೊಳ್ಳಿ. ಆ ಭಾರದಲ್ಲೇ ರಿಯೊದಲ್ಲಿ 13ನೇ ಸ್ಥಾನ ಪಡೆದ. ಒಲಿಂಪಿಕ್ಸ್ ದೋಣಿ ಸ್ಪರ್ಧೆಯಲ್ಲಿ ಅಲ್ಲಿಯವರೆಗೆ ಭಾರತೀಯರ ಅತ್ಯುತ್ತಮ ಸಾಧನೆ ಅದು.

2018ರ ಏಷ್ಯನ್ ಕ್ರೀಡಾಕೂಟ ಇಂಡೋನೇಷ್ಯಾದಲ್ಲಿ. ಮೈಗೆ ಹುಷಾರಿಲ್ಲದೆ ಒಬ್ಬರ ಸ್ಪರ್ಧೆಯಲ್ಲಿ ದತ್ತು ಕೊನೆಯವನಾದ. ಮರುದಿನ, ಆಗಸ್ಟ್ 24ರಂದು, ಸವರ್ಣ್ ಸಿಂಗ್, ಓಂ ಪ್ರಕಾಶ್, ಸುಖಮೀತ್ ಸಿಂಗ್ ಜೊತೆ ನಾಲ್ವರ ದೋಣಿಯಲ್ಲಿ ಚಿನ್ನ ಗೆದ್ದ. ಏಷ್ಯನ್ ಕ್ರೀಡಾಕೂಟದ ದೋಣಿ ಸ್ಪರ್ಧೆಯಲ್ಲಿ ಭಾರತಕ್ಕೆ ಸಿಕ್ಕ ಎರಡನೆಯ ಚಿನ್ನ ಅದು. ಮೊದಲನೆಯದನ್ನು 2010ರಲ್ಲಿ ತಂದ ಬಜರಂಗ್ ಲಾಲ್ ತಾಖರ್ ಕೂಡ ಒಣನಾಡಾದ ರಾಜಸ್ಥಾನದ ಸೀಕರ್ ಜಿಲ್ಲೆಯವರು! ಈ ತಂಡದ ಮುಖ್ಯ ತರಬೇತುದಾರರು ದ್ರೋಣಾಚಾರ್ಯ ಪ್ರಶಸ್ತಿ ಪಡೆದ ಇಸ್ಮಾಯಿಲ್ ಬೇಗ್.

ಚಿನ್ನದ ನಂತರವೂ ದಾರಿ ಹೂವಿನ ಹಾಸಿಗೆಯಾಗಲಿಲ್ಲ. ಆ ಒಬ್ಬರ ಸ್ಪರ್ಧೆಯನ್ನು ನಡುವೆಯೇ ಬಿಟ್ಟನೆಂಬ ಕಾರಣಕ್ಕೆ 2019ರಲ್ಲಿ ಒಕ್ಕೂಟ ಅವನಿಗೆ 2 ವರ್ಷ ನಿಷೇಧ ಹಾಕಿತು. ಅನಾರೋಗ್ಯವೇ ಕಾರಣವೆಂದು ಅವನು ಹೇಳಿದ. 2020ರ ಆರಂಭದಲ್ಲಿ ನಿಷೇಧ ತೆರವಾಯಿತು. ಅದೇ ವರ್ಷ ಅರ್ಜುನ ಪ್ರಶಸ್ತಿ ಬಂತು.

ನಮ್ಮ ಮಕ್ಕಳ ವಿಷಯ

ಇದನ್ನು ನಿಮಗೆ ಹೇಳಿದ್ದೇಕೆ? ನಮ್ಮ ಮಗು ಏನಾಗಬಲ್ಲದು ಎಂಬುದನ್ನು ಎಷ್ಟೋ ಸಲ ನಾವು ಊರನ್ನು ನೋಡಿ, ಜೇಬನ್ನು ನೋಡಿ ತೀರ್ಮಾನಿಸಿಬಿಡುತ್ತೇವೆ. ಮಗುವನ್ನು ನೋಡುವುದೇ ಇಲ್ಲ. ಹತ್ತನೇ ತರಗತಿಯ ನಂತರ ಗ್ಯಾರೇಜು, ಇಲ್ಲವೇ ಬೆಂಗಳೂರಿನ ಅಂಗಡಿ. ಹುಡುಗಿಯಾದರೆ ಆ ಪ್ರಶ್ನೆಯೂ ಏಳುವುದಿಲ್ಲ. ಒಲಿಂಪಿಕ್ಸ್‌ನಲ್ಲಿ ಮಹಿಳೆಯರಿಗೆ ದೋಣಿ ಸ್ಪರ್ಧೆ ಆರಂಭವಾದದ್ದು 1976ರಲ್ಲಿ, ನಮ್ಮಲ್ಲಿ ಅನೇಕರು ಹುಟ್ಟುವ ಮೊದಲೇ.

ದುಡಿಮೆಗೆ ಹೆದರದ, ಎತ್ತರದ, ಓಟದಲ್ಲಿ ಮುಂದಿರುವ ಮಕ್ಕಳು ನಿಮ್ಮ ಮನೆಯಲ್ಲಿದ್ದರೆ ಶಾಲೆಯ ದೈಹಿಕ ಶಿಕ್ಷಕರೊಡನೆ ಮಾತನಾಡಿ. 8ರಿಂದ 14 ವರ್ಷದ ಹುಡುಗರಿಗೆ ಓದು, ಊಟ, ತರಬೇತಿ ಕೊಡುವ ಬಾಯ್ಸ್ ಸ್ಪೋರ್ಟ್ಸ್ ಕಂಪನಿಗಳು ಸೇನೆಯಲ್ಲಿವೆ. ರಾಜ್ಯದ ಕ್ರೀಡಾ ಇಲಾಖೆ ಬಾಲಕ ಬಾಲಕಿಯರಿಬ್ಬರಿಗೂ ಕ್ರೀಡಾ ವಸತಿ ನಿಲಯಗಳನ್ನು ನಡೆಸುತ್ತದೆ. ತುಮಕೂರಿನ ಜಿಲ್ಲಾ ಕಚೇರಿಯಲ್ಲಿ ವಿಚಾರಿಸಬಹುದು. ಎಲ್ಲರಿಗೂ ಪದಕ ಸಿಗುವುದಿಲ್ಲ. ಶಿಸ್ತು, ಆರೋಗ್ಯ, ಬಹುಶಃ ಒಂದು ನೌಕರಿ ಸಿಕ್ಕರೂ ಬಡ ಮನೆಗೆ ಅದು ಕಡಿಮೆಯೇನಲ್ಲ. ದತ್ತು ಸೇನೆಗೆ ಹೋದದ್ದೂ ಮನೆಯವರ ಹೊಟ್ಟೆ ತುಂಬಿಸಲೆಂದೇ ಅಲ್ಲವೇ?