ಹದಿನಾಲ್ಕು ಅಂಗಿಗಳ ಆಟಗಾರ

2025ರ ಜುಲೈ ತಿಂಗಳ ಒಂದು ಮಳೆಯ ದಿನ. ಹತ್ತನೆಯ ತರಗತಿಯ ಹುಡುಗನೊಬ್ಬ ಇಂಗ್ಲಿಷ್ ಪತ್ರಿಕೆಯ ಕ್ರೀಡಾಪುಟದ ತುಣುಕೊಂದನ್ನು ಹಿಡಿದುಕೊಂಡು ಸ್ಟಾಫ್ ರೂಮಿಗೆ ಬಂದ. ಅಮೆರಿಕದ ಬೇಸ್‌ಬಾಲ್ ಆಟಗಾರ ರಿಚ್ ಹಿಲ್ ತಮ್ಮ 45ನೆಯ ವಯಸ್ಸಿನಲ್ಲಿ ಹದಿನಾಲ್ಕನೆಯ ತಂಡಕ್ಕೆ ಆಡಿದರು, ಹಾಗೆ ಆಡಿ ಎಡ್ವಿನ್ ಜಾಕ್ಸನ್ ಎಂಬವರ ದಾಖಲೆಯನ್ನು ಸರಿಗಟ್ಟಿದರು ಎಂಬುದು ಸುದ್ದಿ. ಅದರಲ್ಲಿ 'ಜರ್ನಿಮನ್' ಎಂಬ ಪದದ ಕೆಳಗೆ ಹುಡುಗ ಪೆನ್ಸಿಲಿನಿಂದ ಗೆರೆ ಎಳೆದಿದ್ದ.

"ಮಾಷ್ಟ್ರೇ, ಇದಕ್ಕೆ ಕನ್ನಡದಲ್ಲಿ 'ಪ್ರಯಾಣಿಕ' ಅಂತ ಬರೀಬಹುದಾ?" ಎಂದು ಕೇಳಿದ.

ಊರಿಂದೂರಿಗೆ ಹೋಗುವ ಆಟಗಾರನಲ್ಲವೇ, ಸರಿಯಾಗಿಯೇ ಇದೆ ಎಂದು ನನಗನಿಸಿತು. "ಬರೆಯಬಹುದು" ಎಂದುಬಿಟ್ಟೆ. ಸಂಜೆ ಮನೆಯಲ್ಲಿ ನಿಘಂಟು ತೆರೆದಾಗ ನನ್ನ ಉತ್ತರ ತಪ್ಪೆಂದು ತಿಳಿಯಿತು. ಆ ತಪ್ಪನ್ನು ತಿದ್ದುವ ಸಲುವಾಗಿಯೇ ಈ ಲೇಖನವನ್ನು ಬರೆಯುತ್ತಿದ್ದೇನೆ.

ಈ ಪದದ ಮೂಲ ಫ್ರೆಂಚಿನ 'ಜೂರ್ನೇ' ಎಂಬ ಶಬ್ದ. ಅದಕ್ಕೆ 'ಒಂದು ದಿನ' ಅಥವಾ 'ಒಂದು ದಿನದ ಕೆಲಸ' ಎಂದು ಅರ್ಥ. ಹಿಂದಿನ ಕಾಲದ ಯುರೋಪಿನಲ್ಲಿ ಬಡಗಿ, ಕಮ್ಮಾರ, ನೇಕಾರ ಮುಂತಾದವರ ಕಸುಬಿನಲ್ಲಿ ಮೂರು ಮೆಟ್ಟಿಲುಗಳಿದ್ದವು. ಗುರುವಿನ ಬಳಿ ಕಲಿಯುತ್ತಿರುವ ಶಿಷ್ಯ ಮೊದಲನೆಯವನು. ಸ್ವಂತ ಕಾರ್ಖಾನೆಯುಳ್ಳ ಯಜಮಾನ ಕೊನೆಯವನು. ಇವರಿಬ್ಬರ ನಡುವೆ, ಕಸುಬನ್ನು ಪೂರ್ತಿಯಾಗಿ ಕಲಿತು, ಆದರೆ ಸ್ವಂತ ಅಂಗಡಿಯಿಲ್ಲದೆ, ಕರೆದವರಲ್ಲಿಗೆ ಹೋಗಿ ದಿನದ ಲೆಕ್ಕದಲ್ಲಿ ಸಂಬಳ ಪಡೆಯುವವನೇ ಜರ್ನಿಮನ್. ಆದುದರಿಂದ ಅವನು ಪ್ರಯಾಣಿಕನಲ್ಲ, ದಿನಗೂಲಿಯ ಕಸುಬುಗಾರ. ಈ ವ್ಯತ್ಯಾಸ ಸಣ್ಣದೆಂದು ಯಾರಾದರೂ ಹೇಳಬಹುದು. ಹಾಗಲ್ಲವೆಂಬುದು ಎಡ್ವಿನ್ ಜಾಕ್ಸನ್ ಅವರ ಜೀವನವನ್ನು ನೋಡಿದರೆ ಮನವರಿಕೆಯಾಗುತ್ತದೆ.

ಅದಕ್ಕೂ ಮೊದಲು ಆಟದ ಬಗ್ಗೆ ನಾಲ್ಕು ಮಾತು. ಬೇಸ್‌ಬಾಲ್ ನಮ್ಮ ಕ್ರಿಕೆಟಿನ ದೂರದ ನೆಂಟ. ಒಂದು ತಂಡದಲ್ಲಿ ಒಂಬತ್ತು ಮಂದಿ. ಪ್ರತಿಯೊಂದು ತಂಡಕ್ಕೂ ಒಂಬತ್ತು ಸರದಿಗಳು. ಇಲ್ಲಿಯ ಬೌಲರನಿಗೆ ಪಿಚರ್ ಎಂದು ಹೆಸರು. ಆತ ಸುಮಾರು 18.4 ಮೀಟರ್ ದೂರದಿಂದ ಚೆಂಡನ್ನು ನೆಲಕ್ಕೆ ತಾಗಿಸದೆ ನೇರವಾಗಿ ಎಸೆಯುತ್ತಾನೆ. ದಾಂಡಿಗನು ಅದನ್ನು ಹೊಡೆದು ಮೂರು ನೆಲೆಗಳನ್ನು ಸುತ್ತಿ ಮರಳಿ ಹೊರಟ ಜಾಗಕ್ಕೆ ತಲಪಿದರೆ ಒಂದು ಓಟ. ಎಸೆತಗಾರ ಗುರಿತಪ್ಪಿ ನಾಲ್ಕು ಚೆಂಡುಗಳನ್ನು ಎಸೆದರೆ ದಾಂಡಿಗನಿಗೆ ಮೊದಲನೆಯ ನೆಲೆ ಪುಕ್ಕಟೆ. ಅಮೆರಿಕ ಮತ್ತು ಕೆನಡಾಗಳ ಉನ್ನತ ಮಟ್ಟದ ಸಂಘಟನೆಯಾದ ಮೇಜರ್ ಲೀಗಿನಲ್ಲಿ 30 ತಂಡಗಳಿವೆ. ಒಂದೊಂದು ತಂಡವೂ ವರ್ಷಕ್ಕೆ 162 ಪಂದ್ಯಗಳನ್ನು ಆಡಬೇಕು. ಮೇಜರ್ ಲೀಗಿನ ಕೆಳಗೆ ಮೈನರ್ ಲೀಗುಗಳೆಂಬ ಮೆಟ್ಟಿಲುಗಳಿವೆ. ಪ್ರತಿಯೊಬ್ಬ ಹುಡುಗನೂ ಸಾಮಾನ್ಯವಾಗಿ ಅಲ್ಲಿಂದಲೇ, ಸಣ್ಣ ಊರುಗಳ ನಡುವೆ ಬಸ್ಸಿನಲ್ಲಿ ಓಡಾಡುತ್ತ, ಮೇಲೇರಿ ಬರಬೇಕು.

ಆಟಗಾರರು ಒಂದು ತಂಡದಿಂದ ಇನ್ನೊಂದಕ್ಕೆ ಹೋಗುವ ಬಗೆ ನಮಗೆ ವಿಚಿತ್ರವೆನಿಸೀತು. ನನಗೆ ಒಬ್ಬ ಒಳ್ಳೆಯ ಪಿಚರ್ ಬೇಕು, ನಿನಗೆ ಇಬ್ಬರು ಎಳೆಯ ಆಟಗಾರರು ಬೇಕು ಎಂದಾದರೆ ಎರಡು ತಂಡಗಳು ತಮ್ಮೊಳಗೇ ಮಾತಾಡಿಕೊಂಡು ಅವರನ್ನು ಬದಲಾಯಿಸಿಕೊಳ್ಳಬಹುದು. ಆಟಗಾರನ ಒಪ್ಪಿಗೆಯನ್ನು ಸಾಮಾನ್ಯವಾಗಿ ಕೇಳುವುದಿಲ್ಲ. ಬೆಳಿಗ್ಗೆ ಒಂದು ಊರಿನ ಅಂಗಿ, ಸಂಜೆ ಇನ್ನೊಂದು ಊರಿನ ಅಂಗಿ.

ಹಿಂದೆ ಪರಿಸ್ಥಿತಿ ಇನ್ನೂ ಬಿಗಿಯಾಗಿತ್ತು. ಒಪ್ಪಂದದ ಅವಧಿ ಮುಗಿದರೂ ಆಟಗಾರ ಆ ತಂಡದ ಸೊತ್ತಾಗಿಯೇ ಉಳಿಯುತ್ತಿದ್ದ. 1969ರಲ್ಲಿ ಸೇಂಟ್ ಲೂಯಿಸ್ ತಂಡದ ಕರ್ಟ್ ಫ್ಲಡ್ ಎಂಬ ಆಟಗಾರನನ್ನು ಫಿಲಡೆಲ್ಫಿಯಾಕ್ಕೆ ಕೊಟ್ಟುಬಿಟ್ಟಾಗ ಅವರು ಹೋಗಲು ಒಪ್ಪಲಿಲ್ಲ. ತಾನು ಕೊಂಡು ಮಾರುವ ವಸ್ತುವಲ್ಲವೆಂದು ಪತ್ರ ಬರೆದು ನ್ಯಾಯಾಲಯದ ಮೆಟ್ಟಿಲೇರಿದರು. 1972ರಲ್ಲಿ ಅಲ್ಲಿಯ ಸುಪ್ರೀಂ ಕೋರ್ಟು ಅವರ ವಿರುದ್ಧವೇ ತೀರ್ಪಿತ್ತಿತು. ಫ್ಲಡ್ ಸೋತರು, ಅವರ ಆಟದ ಬದುಕೂ ಮುಗಿಯಿತು. ಆದರೆ ಅವರು ಎತ್ತಿದ ಪ್ರಶ್ನೆ ಸಾಯಲಿಲ್ಲ. 1973ರಲ್ಲಿ ಒಂದು ನಿಯಮ ಬಂತು: ಮೇಜರ್ ಲೀಗಿನಲ್ಲಿ ಹತ್ತು ವರ್ಷ ಪೂರೈಸಿ, ಅದರಲ್ಲಿ ಕೊನೆಯ ಐದು ವರ್ಷ ಒಂದೇ ತಂಡದಲ್ಲಿದ್ದವನನ್ನು ಅವನ ಒಪ್ಪಿಗೆಯಿಲ್ಲದೆ ಬೇರೆ ತಂಡಕ್ಕೆ ಕೊಡುವಂತಿಲ್ಲ. 1975ರ ಕೊನೆಯಲ್ಲಿ ಮಧ್ಯಸ್ಥಗಾರರೊಬ್ಬರ ತೀರ್ಮಾನದಿಂದ ಹಳೆಯ ಕಟ್ಟುಪಾಡು ಮುರಿಯಿತು. ಅನಂತರ ಆರು ವರ್ಷ ಸೇವೆ ಸಲ್ಲಿಸಿದ ಆಟಗಾರ, ಒಪ್ಪಂದ ಮುಗಿದ ಮೇಲೆ ತನಗೆ ಬೇಕಾದಲ್ಲಿಗೆ ಹೋಗಲು ಸ್ವತಂತ್ರನಾದ.

ಈ 'ಹತ್ತು ಮತ್ತು ಐದು' ವರ್ಷಗಳ ನಿಯಮವನ್ನು ನೆನಪಿಟ್ಟುಕೊಳ್ಳಿ. ಊರೂರು ಅಲೆಯುವವನಿಗೆ ಅದರ ಪ್ರಯೋಜನವಿಲ್ಲ. ಹತ್ತು ವರ್ಷ ಅವನು ಪೂರೈಸಿಯಾನು. ಆದರೆ ಒಂದೇ ಕಡೆ ಐದು ವರ್ಷ ಅವನನ್ನು ನಿಲ್ಲಿಸಿಕೊಳ್ಳುವವರು ಯಾರು? ರಕ್ಷಣೆ ಯಾರಿಗೆ ಹೆಚ್ಚು ಬೇಕೋ ಅವನಿಗೇ ಅದು ಎಟಕುವುದಿಲ್ಲ.

ಇನ್ನು ಜಾಕ್ಸನ್ ಅವರ ಕಥೆ. ಅವರು ಹುಟ್ಟಿದ್ದು 1983ರ ಸೆಪ್ಟೆಂಬರ್ 9ರಂದು, ಜರ್ಮನಿಯ ನಾಯ್-ಉಲ್ಮ್ ಎಂಬ ಊರಿನಲ್ಲಿ. ತಂದೆ ಅಮೆರಿಕದ ಸೈನ್ಯದಲ್ಲಿದ್ದುದರಿಂದ ಹುಟ್ಟೂರೇ ಪರದೇಶವಾಯಿತು. ಬೆಳೆದದ್ದು ಜಾರ್ಜಿಯಾ ರಾಜ್ಯದ ಕೊಲಂಬಸ್‌ನಲ್ಲಿ. 2001ರಲ್ಲಿ ಶಾಲೆ ಮುಗಿಯುತ್ತಲೇ ಲಾಸ್ ಏಂಜಲಿಸ್ ಡಾಜರ್ಸ್ ತಂಡ ಅವರನ್ನು ಆರಿಸಿತು. 2003ರ ಸೆಪ್ಟೆಂಬರ್ 9ರಂದು, ಇಪ್ಪತ್ತು ತುಂಬಿದ ದಿನವೇ, ಮೇಜರ್ ಲೀಗಿನ ಮೊದಲ ಪಂದ್ಯ. ಎದುರಿಗೆ ಅರಿಜೋನಾದ ರಾಂಡಿ ಜಾನ್ಸನ್. ಐದು ಸಲ ವರ್ಷದ ಶ್ರೇಷ್ಠ ಪಿಚರ್ ಪ್ರಶಸ್ತಿ ಗಳಿಸಿದ್ದ, ಮರುದಿನವೇ ನಲವತ್ತು ತುಂಬಲಿದ್ದ ಘಟಾನುಘಟಿ. ಆ ದಿನ ಗೆದ್ದವನು ಹುಡುಗ.

ಇಷ್ಟು ಕೇಳಿದರೆ ಮುಂದಿನದು ಒಬ್ಬ ಮಹಾತಾರೆಯ ಕಥೆಯೆಂದು ಯಾರೂ ಊಹಿಸಿಯಾರು. ಆದದ್ದು ಬೇರೆ. ಮುಂದಿನ ಎರಡು ವರ್ಷ ಅವರ ಎಸೆತ ಹದಕ್ಕೆ ಬರಲಿಲ್ಲ. ವೇಗವಿತ್ತು, ಗುರಿಯಿರಲಿಲ್ಲ. ಮೈನರ್ ಲೀಗಿಗೂ ಮೇಜರ್ ಲೀಗಿಗೂ ನಡುವೆ ಓಡಾಟವೇ ಆಯಿತು. 2006ರ ಜನವರಿಯಲ್ಲಿ ಅವರನ್ನು ಟ್ಯಾಂಪಾ ಬೇ ತಂಡಕ್ಕೆ ಕೊಟ್ಟರು. 2007ರಲ್ಲಿ ಐದು ಗೆಲುವು, ಹದಿನೈದು ಸೋಲು. ಮರುವರ್ಷ ಹದಿನಾಲ್ಕು ಗೆಲುವು, ತಂಡ ವಿಶ್ವ ಸರಣಿಯ ತನಕ ಹೋಯಿತು. ಆ ಚಳಿಗಾಲದಲ್ಲೇ ಡೆಟ್ರಾಯಿಟ್‌ಗೆ ವರ್ಗ. ಅಲ್ಲಿ 2009ರಲ್ಲಿ ಆಲ್‌ಸ್ಟಾರ್ ತಂಡಕ್ಕೆ ಆಯ್ಕೆ. ಅದೇ ವರ್ಷದ ಡಿಸೆಂಬರಿನಲ್ಲಿ ಅರಿಜೋನಾಕ್ಕೆ ವರ್ಗ. ಚೆನ್ನಾಗಿ ಆಡದಿದ್ದರೆ ಬೇಡವೆಂದು ಕಳುಹಿಸುತ್ತಾರೆ, ಚೆನ್ನಾಗಿ ಆಡಿದರೆ ಒಳ್ಳೆಯ ಬೆಲೆ ಬರುತ್ತದೆಂದು ಕಳುಹಿಸುತ್ತಾರೆ!

2010ರ ಜೂನ್ 25ರಂದು ಅವರು ತಮ್ಮ ಹಳೆಯ ತಂಡವಾದ ಟ್ಯಾಂಪಾ ಬೇಯ ವಿರುದ್ಧ, ಅದೇ ಊರಿನಲ್ಲಿ ಎಸೆತಕ್ಕಿಳಿದರು. ಆರಂಭ ತೀರ ಕೆಟ್ಟದು. ಮೊದಲ ಮೂರು ಸರದಿಗಳಲ್ಲೇ ಏಳು ಮಂದಿಗೆ ಪುಕ್ಕಟೆ ನೆಲೆ ಕೊಟ್ಟರು. ಬೇರೆ ದಿನವಾಗಿದ್ದರೆ ಅಷ್ಟಕ್ಕೇ ಅವರನ್ನು ಹಿಂದೆ ಕರೆಯುತ್ತಿದ್ದರೇನೋ. ಆದರೆ ಒಬ್ಬನೇ ಒಬ್ಬ ದಾಂಡಿಗನೂ ಅವರ ಚೆಂಡನ್ನು ಹೊಡೆದು ಸ್ವಂತ ಬಲದಿಂದ ನೆಲೆ ಸೇರಿರಲಿಲ್ಲ. ಒಂಬತ್ತು ಸರದಿ ಮುಗಿಯುವವರೆಗೂ ಸೇರಲಿಲ್ಲ. ಇಂಥ ಪಂದ್ಯಕ್ಕೆ 'ನೋ-ಹಿಟರ್' ಎನ್ನುತ್ತಾರೆ. ಸುಮಾರು ನೂರೈವತ್ತು ವರ್ಷಗಳ ಚರಿತ್ರೆಯಲ್ಲಿ ಮುನ್ನೂರಕ್ಕಿಂತ ತುಸು ಹೆಚ್ಚು ಬಾರಿ ಮಾತ್ರ ಇದು ನಡೆದಿದೆ. ಜಾಕ್ಸನ್ ಆ ರಾತ್ರಿ ಎಸೆದ ಚೆಂಡುಗಳು 149. ನೂರರ ಸುಮಾರಿಗೆ ಪಿಚರನನ್ನು ಬದಲಿಸುವ ಈ ಕಾಲದಲ್ಲಿ ಅದು ಬಹು ದೊಡ್ಡ ಸಂಖ್ಯೆ. ತಂಡ 1-0 ಅಂತರದಿಂದ ಗೆದ್ದಿತು.

ಅದಾಗಿ ಮೂವತ್ತೈದು ದಿನಕ್ಕೆ, ಜುಲೈ 30ರಂದು, ಅವರನ್ನು ಷಿಕಾಗೋ ವೈಟ್ ಸಾಕ್ಸ್ ತಂಡಕ್ಕೆ ಕೊಟ್ಟುಬಿಟ್ಟರು.

ಮುಂದಿನ ವರ್ಷದ ಜುಲೈ 27 ಇನ್ನೂ ತಮಾಷೆಯದು. ವೈಟ್ ಸಾಕ್ಸ್ ಅವರನ್ನು ಟೊರಾಂಟೊಗೆ ಕೊಟ್ಟಿತು. ಟೊರಾಂಟೊ ಅದೇ ದಿನ ಸೇಂಟ್ ಲೂಯಿಸ್‌ಗೆ ಕೊಟ್ಟಿತು. ಟೊರಾಂಟೊದ ಅಂಗಿ ತೊಡುವಷ್ಟು ಹೊತ್ತೂ ಅಲ್ಲಿ ಇರಲಿಲ್ಲ. ಟೊರಾಂಟೊ ಅವರ ಜೊತೆಯಲ್ಲಿ ಕಳುಹಿಸಿದವರಲ್ಲಿ ಆಕ್ಟೇವಿಯೊ ಡೋಟೆಲ್ ಎಂಬ ಇನ್ನೊಬ್ಬ ಪಿಚರ್ ಇದ್ದರು. ಈ ಡೋಟೆಲ್ ಮುಂದೆ ಹದಿಮೂರು ತಂಡಗಳಿಗೆ ಆಡಿ ದಾಖಲೆ ಸ್ಥಾಪಿಸಿದವರು. ಅವರ ದಾಖಲೆಯನ್ನು ಮುರಿದವರು ಜಾಕ್ಸನ್. ಎಲ್ಲರೂ ಕೈದಾಟಿಸಿದ ಈ ಇಬ್ಬರು ಆ ವರ್ಷ ಸೇಂಟ್ ಲೂಯಿಸ್ ತಂಡದಲ್ಲಿ ಕೂಡಿಕೊಂಡರು, ಆ ತಂಡವೇ 2011ರ ವಿಶ್ವ ಸರಣಿಯನ್ನು ಗೆದ್ದಿತು.

ಅನಂತರ ವಾಷಿಂಗ್ಟನ್‌ನಲ್ಲಿ ಒಂದು ವರ್ಷ. 2013ರಿಂದ ಷಿಕಾಗೋ ಕಬ್ಸ್ ತಂಡದೊಡನೆ ನಾಲ್ಕು ವರ್ಷಕ್ಕೆ 5 ಕೋಟಿ 20 ಲಕ್ಷ ಡಾಲರಿನ ಒಪ್ಪಂದ. ಅಂತೂ ಒಂದು ಕಡೆ ಬೇರೂರುವ ಕಾಲ ಬಂತೆನ್ನುವಾಗಲೇ ಆಟ ಕೈಕೊಟ್ಟಿತು. 2013ರಲ್ಲಿ ಹದಿನೆಂಟು ಸೋಲು, 2014ರಲ್ಲಿ ಹದಿನೈದು. 2015ರ ನಡುವಿನಲ್ಲಿ ಕಬ್ಸ್ ಅವರನ್ನು ಬಿಟ್ಟುಬಿಟ್ಟಿತು. ಅಲ್ಲಿಯ ನಿಯಮದಂತೆ ಒಪ್ಪಿದ ಸಂಬಳವನ್ನು ಹಳೆಯ ತಂಡವೇ ತೆರಬೇಕು, ಹೊಸ ತಂಡ ಕನಿಷ್ಠ ವೇತನ ಕೊಟ್ಟರೆ ಸಾಕು. ಹೀಗೆ ಅಗ್ಗಕ್ಕೆ ಸಿಗುವ ಅನುಭವಿ ಕೈಯಾಗಿ ಅವರು ಅಟ್ಲಾಂಟಾ, ಮಯಾಮಿ, ಸ್ಯಾನ್ ಡಿಯೇಗೊ, ಬಾಲ್ಟಿಮೋರ್, ಮರಳಿ ವಾಷಿಂಗ್ಟನ್ ಎಂದು ಸುತ್ತಿದರು.

ಮೂವತ್ತು ದಾಟಿದ, ಹೆಸರು ಮಾಡಿದ, ಹಣವೂ ಗಳಿಸಿದ ಮನುಷ್ಯ. ಮನೆಗೆ ಹೋಗಬಹುದಿತ್ತು. ಹೋಗಲಿಲ್ಲ; ಮತ್ತೆ ಮೈನರ್ ಲೀಗಿಗೆ ಇಳಿದು ಹುಡುಗರ ಜೊತೆ ಆಡಿದರು. 2018ರ ಜೂನ್‌ನಲ್ಲಿ, ಪಿಚರುಗಳೆಲ್ಲ ಗಾಯಗೊಂಡು ಕುಳಿತಿದ್ದ ಓಕ್‌ಲ್ಯಾಂಡ್ ತಂಡ ಅವರನ್ನು ಕರೆಯಿತು. ಅಲ್ಲಿ ಹದಿನೇಳು ಪಂದ್ಯಗಳಲ್ಲಿ ಎಸೆದು ಆರು ಗೆದ್ದರು, ಮೂರು ಸೋತರು. ಆ ವರ್ಷ ಓಕ್‌ಲ್ಯಾಂಡ್ 97 ಪಂದ್ಯಗಳನ್ನು ಗೆದ್ದು ಮುಂದಿನ ಸುತ್ತಿಗೆ ಏರಿತು. 2019ರ ಮೇ 15ರಂದು ಟೊರಾಂಟೊದ ಅಂಗಿ ತೊಟ್ಟು ಆಡಿದಾಗ ಹದಿನಾಲ್ಕನೆಯ ತಂಡ, ಹೊಸ ದಾಖಲೆ. ಎಂಟು ವರ್ಷಗಳ ಹಿಂದೆ ಕೆಲವು ಗಂಟೆಗಳ ಮಟ್ಟಿಗೆ ತಮ್ಮವರಾಗಿದ್ದವರನ್ನು ಟೊರಾಂಟೊದವರು ಕೊನೆಗೂ ಅಂಗಣದಲ್ಲಿ ಕಂಡರು. 2021ರಲ್ಲಿ ಜರಗಿದ ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಅಮೆರಿಕದ ತಂಡದಲ್ಲಿದ್ದು ಬೆಳ್ಳಿಯ ಪದಕ ಪಡೆದರು. ಅದೇ ವರ್ಷದ ಸೆಪ್ಟೆಂಬರಿನಲ್ಲಿ ನಿವೃತ್ತರಾದರು.

ಲೆಕ್ಕ ಹಾಕಿದರೆ 107 ಗೆಲುವು, 133 ಸೋಲು. ಪರೀಕ್ಷೆಯ ಅಂಕಪಟ್ಟಿಯಂತೆ ನೋಡುವವರು ಇದನ್ನು ಅನುತ್ತೀರ್ಣವೆನ್ನಬಹುದು. ಹದಿಮೂರು ತಂಡಗಳು ಅವರನ್ನು ಬಿಟ್ಟುಕೊಟ್ಟವು ಎನ್ನಬಹುದು; ಅದು ಸುಳ್ಳಲ್ಲ. ಆದರೆ ಹದಿನಾಲ್ಕು ತಂಡಗಳು ಅವರು ಬೇಕೆಂದು ಕರೆದವು ಎಂಬುದೂ ಅಷ್ಟೇ ನಿಜ. ಕೆಲಸ ಬಾರದವನನ್ನು ಎರಡನೆಯ ಸಲ ಯಾರೂ ಕರೆಯುವುದಿಲ್ಲ.

ಇಲ್ಲಿ ನಮ್ಮ ಪದಕ್ಕೆ ಮರಳೋಣ. ಮೇಜರ್ ಲೀಗಿನಲ್ಲಿ ಆಟಗಾರನ ಸೇವೆಯನ್ನು ಇಂದಿಗೂ ದಿನಗಳಿಂದಲೇ ಎಣಿಸುತ್ತಾರೆ. 172 ದಿನಗಳಾದರೆ ಒಂದು ವರ್ಷ. ಅದರ ಕಾಲಂಶ, ಎಂದರೆ 43 ದಿನಗಳ ಸೇವೆಯಿದ್ದವನಿಗೆ ಪಿಂಚಣಿಯ ಹಕ್ಕು. ನಲವತ್ತೆರಡನೆಯ ದಿನ ಕೆಳಗಿಳಿಸಲ್ಪಟ್ಟು ಮತ್ತೆ ಮೇಲೇರದವನಿಗೆ ಅದೂ ಇಲ್ಲ. ಕೆಳಗಿನವರ ಪಾಡಂತೂ ಬೇರೆಯೇ. ಮೇಜರ್ ಲೀಗಿಗೆ ಒಂದೇ ಮೆಟ್ಟಿಲು ಕೆಳಗಿರುವ ಟ್ರಿಪಲ್-ಎ ಮಟ್ಟದವನಿಗೂ ವರ್ಷಕ್ಕೆ 17,500 ಡಾಲರ್ ಸಂಬಳವಿತ್ತು. ಅವರು ಸಂಘ ಕಟ್ಟಿಕೊಂಡ ಮೇಲೆಯೇ, 2023ರಲ್ಲಿ, ಅದು 35,800ಕ್ಕೆ ಏರಿತು. ಕೋಟಿ ಡಾಲರ್ ಕಂಡ ಜಾಕ್ಸನ್ ಅದೃಷ್ಟವಂತರು. ಆದರೂ ಎಣಿಕೆಯ ರೀತಿ ಎಲ್ಲರಿಗೂ ಒಂದೇ: ದಿನ, ದಿನ, ದಿನ. ಹಳೆಯ ಫ್ರೆಂಚ್ ಶಬ್ದ ಆ ಮೈದಾನದಲ್ಲಿ ಇನ್ನೂ ಜೀವಂತವಾಗಿದೆ.

ನನ್ನದೊಂದು ಮಾತು ಹೇಳಿ ಮುಗಿಸುತ್ತೇನೆ. ಈ ಶಾಲೆಯಲ್ಲಿ ಖಾಯಂ ಆಗುವ ಮೊದಲು ನಾನೂ ಕೆಲವು ವರ್ಷ ದಿನಗೂಲಿಯ ಅಧ್ಯಾಪಕನಾಗಿದ್ದೆ. ಯಾರೋ ರಜೆ ಹಾಕಿದಲ್ಲಿ ಮೂರು ತಿಂಗಳು, ಇನ್ನೊಂದು ಕಡೆ ಆರು ವಾರ. ಒಂದು ಶಾಲೆಯಲ್ಲಿ ಹಾಜರಿ ಪುಸ್ತಕದ ಕೊನೆಯ ಸಾಲಿನಲ್ಲಿ ನನ್ನ ಹೆಸರನ್ನು ಪೆನ್ಸಿಲಿನಲ್ಲಿ ಬರೆದಿದ್ದರು, ಹೋದ ಮೇಲೆ ಉಜ್ಜಲು ಸುಲಭವೆಂದು. ಅಂದು ನನಗೆ ಬಹಳ ಅವಮಾನವಾಗಿತ್ತು. ಆದರೆ ಆ ಆರು ವಾರಗಳಲ್ಲಿ ನಾನು ಕಲಿಸಿದ ಸಂಧಿ ಪ್ರಕರಣವನ್ನು ಮಕ್ಕಳ ತಲೆಯಿಂದ ಯಾರೂ ಉಜ್ಜಿರಲಾರರು.

ವಿದ್ಯಾರ್ಥಿಗಳೇ, ನಿಮ್ಮಲ್ಲಿ ಹೆಚ್ಚಿನವರು ನಾಳೆ ಒಂದೇ ಊರಿನಲ್ಲಿ, ಒಂದೇ ಹುದ್ದೆಯಲ್ಲಿ ಕೂತು ಬಾಳುವವರಲ್ಲ. ಮಂಗಳೂರಿಗೋ ಕಣ್ಣೂರಿಗೋ ಕೊಲ್ಲಿ ದೇಶಕ್ಕೋ ಹೋಗುತ್ತೀರಿ. ಕರೆಯುವವರೂ ಕಳುಹಿಸುವವರೂ ಬೇರೆಯವರೇ ಆಗಿರುತ್ತಾರೆ. ಅದು ನಿಮ್ಮ ಕೈಯಲ್ಲಿಲ್ಲ. ಕರೆದ ದಿನ ಕಸುಬು ನಿಮ್ಮ ಕೈಯಲ್ಲಿರಬೇಕು, ಅಷ್ಟೆ.

ಗೆರೆ ಎಳೆದು ತಂದ ಆ ಹುಡುಗ ಈಗ ಬೇರೆ ಶಾಲೆಯಲ್ಲಿ ಹನ್ನೊಂದನೆಯ ತರಗತಿ ಓದುತ್ತಿದ್ದಾನೆ. ಈ ಸಂಚಿಕೆ ಅವನ ಕೈಗೆ ತಲಪಿದರೆ, ಅವನು ತನ್ನ ಪುಸ್ತಕದಲ್ಲಿ 'ಪ್ರಯಾಣಿಕ' ಎಂಬುದನ್ನು ಹೊಡೆದುಹಾಕಿ 'ದಿನಗೂಲಿಯ ಕಸುಬುಗಾರ' ಎಂದು ತಿದ್ದಿಕೊಳ್ಳಲಿ. ತಪ್ಪು ಅವನದಲ್ಲ, ಅವನ ಮಾಷ್ಟ್ರದು.