ಕೊಂಬಿನೊಳಗಣ ಮುದುಕ

ದಾರಿ ನಡೆದು ದಣಿದ ಪಥಿಕನೊಬ್ಬ ಕತ್ತಲಾಗುವ ಹೊತ್ತಿಗೆ ದೊಡ್ಡ ಮನೆಯೊಂದರ ಮುಂದೆ ನಿಲ್ಲುತ್ತಾನೆ. ಹೊರಗೆ ಮುದುಕನೊಬ್ಬ ಸೌದೆ ಸೀಳುತ್ತಿದ್ದಾನೆ. ಇರುಳು ತಂಗಲು ಎಡೆ ಬೇಡಿದರೆ, ತಾನು ಯಜಮಾನನಲ್ಲವೆಂದೂ ಅಡಿಗೆಮನೆಯಲ್ಲಿರುವ ತನ್ನ ತಂದೆಯನ್ನು ಕೇಳಬೇಕೆಂದೂ ಅವನ ಉತ್ತರ. ಒಲೆಯ ಬಳಿಯ ತಂದೆ ಇನ್ನೂ ಮುದುಕ. ಅವನೂ ತನ್ನ ತಂದೆಯತ್ತ ಕೈ ತೋರುತ್ತಾನೆ. ಹೀಗೆ ಹಾಸಿಗೆಯಲ್ಲಿರುವವನನ್ನೂ, ತೊಟ್ಟಿಲಲ್ಲಿ ಮಲಗಿದವನನ್ನೂ ದಾಟಿದ ಮೇಲೆ, ಗೋಡೆಗೆ ತೂಗಹಾಕಿದ ಕೊಂಬಿನೊಳಗೆ ಏಳನೆಯ ತಂದೆ ಸಿಕ್ಕುತ್ತಾನೆ: ಚಿಟಿಕೆಯಷ್ಟಾದ ಮುದುಕ. ಅವನು ಆಗಲೆಂದದ್ದೇ ತಡ, ಮೃಷ್ಟಾನ್ನ ತುಂಬಿದ ಮೇಜು ಎದುರಿಗೆ ಮೂಡುತ್ತದೆ.

ನಾರ್ವೆ ದೇಶದ ಈ ಜನಪದ ಕಥೆಯನ್ನು ಈವೊ ಕಪ್ರೀನೊ ಅವರು 1966ರಲ್ಲಿ ಬೊಂಬೆಗಳ ಚಲಚ್ಚಿತ್ರವಾಗಿ ಮಾಡಿದರು. ಅವರನ್ನು ನೆನೆದಾಗಲೆಲ್ಲ ನನಗೆ ಮೊದಲು ಕಣ್ಣಿಗೆ ಕಟ್ಟುವುದು ಈ ಕೊಂಬೇ.

ಕಪ್ರೀನೊ ಹುಟ್ಟಿದ್ದು 1920ರಲ್ಲಿ, ಓಸ್ಲೋ ನಗರದಲ್ಲಿ. ತಂದೆ ಇಟಲಿಯ ಪೀಠೋಪಕರಣಗಳ ಕುಶಲಕರ್ಮಿ; ತಾಯಿ ಇಂಗೆಬೋರ್ಗ್ ಗೂಡೆ ಕಲಾವಿದೆ, ಚಿತ್ರಕಾರ ಹಾನ್ಸ್ ಗೂಡೆಯವರ ಮೊಮ್ಮಗಳು. ಆಕೆ ಬೊಂಬೆಯಾಟಕ್ಕೆಂದು ಮಾಡಿದ ಬೊಂಬೆಗಳೇ ಮಗನನ್ನು ಚಲಚ್ಚಿತ್ರಕ್ಕೆ ಎಳೆದುವು. 1949ರ ಮೊದಲ ಚಿತ್ರದಲ್ಲಿ ಬೊಂಬೆಗಳನ್ನು ಕ್ಯಾಮೆರಾದ ಮುಂದೆಯೇ ನಡೆದಾಡಿಸುವ ಯಂತ್ರೋಪಾಯವನ್ನು ಅವರು ಕಂಡುಹಿಡಿದರು. ಮುಂದೆ ಅದನ್ನು ಬಿಟ್ಟು, ಬೊಂಬೆಯನ್ನು ಎಳ್ಳಷ್ಟೆಳ್ಳಷ್ಟೆ ಕದಲಿಸಿ ಒಂದೊಂದೇ ಚಿತ್ರ ತೆಗೆಯುವ ಸಾಮಾನ್ಯ ರೀತಿಯನ್ನೇ ಹಿಡಿದರು. ತೆರೆಯ ಮೇಲಿನ ಒಂದು ಸೆಕೆಂಡು 24 ಚಿತ್ರಗಳನ್ನು ನುಂಗುವ ಕೆಲಸವದು. ಆದರೂ ಏನೋ ಮಾಯೆಯಿದೆಯೆಂಬ ಜನರ ನಂಬಿಕೆಯನ್ನು ಅವರು ಕೆಡಿಸಲಿಲ್ಲ. ನನಗೂ ಆ ಗುಟ್ಟು ತಿಳಿಯದಿದ್ದರೇ ಚೆನ್ನಾಗಿತ್ತು.

ಅವರು ಹೆಚ್ಚಾಗಿ ನೆಚ್ಚಿದ್ದು ಆಸ್‌ಬ್ಯೊರ್ನ್‌ಸೆನ್ ಮತ್ತು ಮೂ ಎಂಬಿಬ್ಬರು ಸಂಗ್ರಹಿಸಿದ ಕಥೆಗಳನ್ನು. ನಾರ್ವೆ 1814ರವರೆಗೆ ಡೆನ್ಮಾರ್ಕಿನ ದೊರೆಗಳ ಕೈಯಲ್ಲಿತ್ತು. ಆಮೇಲೂ ಬರೆಹದ ಭಾಷೆ ಡೇನಿಷ್ ಆಗಿಯೇ ಉಳಿದಿತ್ತು. 1840ರ ದಶಕದಲ್ಲಿ ಹೊರಬಂದ ಈ ಕಥೆಗಳು ರೈತಾಪಿ ಜನರ ಆಡುಮಾತಿನ ಧಾಟಿಯನ್ನು ಬರೆಹಕ್ಕೆ ತಂದುವು. ಹಳ್ಳಿಹಳ್ಳಿ ತಿರುಗಿ ಕಥೆ ಕೇಳಿದ ಆಸ್‌ಬ್ಯೊರ್ನ್‌ಸೆನ್ನರನ್ನೇ ನಾಯಕನನ್ನಾಗಿಸಿ, ಆತನ ಪಾತ್ರಕ್ಕೆ ನಟನನ್ನೂ ಕಥೆಗಳಿಗೆ ಬೊಂಬೆಗಳನ್ನೂ ಬಳಸಿ ಒಂದು ಪೂರ್ಣಾವಧಿಯ ಚಿತ್ರವನ್ನು ತೆಗೆಯುವುದು ಕಪ್ರೀನೊ ಅವರ ಮಹದಾಸೆಯಾಗಿತ್ತು. ಹಣ ಹುಟ್ಟಲಿಲ್ಲ. ಕಟ್ಟಲಾಗದ ಮಹಲಿನ ಕಲ್ಲುಗಳಿಂದ ಸಣ್ಣ ಮನೆಗಳನ್ನು ಕಟ್ಟುವಂತೆ, ಒಂದೊಂದು ಕಥೆಯನ್ನೂ ಹದಿನಾರು ನಿಮಿಷಗಳ ಬಿಡಿ ಚಿತ್ರವಾಗಿಸಿ, ಮೊದಲಿಗೂ ಕೊನೆಗೂ ಆಸ್‌ಬ್ಯೊರ್ನ್‌ಸೆನ್ನರನ್ನು ಇರಿಸಿದರು. ನೆಲದ ಮೇಲೂ ನೀರಿನಂತೆಯೇ ಓಡುವ ಹಡಗನ್ನು ಪಡೆದ ಹುಡುಗನ ಕಥೆ 1961ರಲ್ಲಿ ಬಂದಿತು. ರಾಕ್ಷಸನೊಡನೆ ಪಂತ ಕಟ್ಟಿ ಗಂಜಿಯುಂಡ ಹುಡುಗನದು 1967ರಲ್ಲಿ.

ಈ ಸೋಲು ಮಕ್ಕಳ ಪಾಲಿಗೆ ಲಾಭವೇ ಆಯಿತೆಂದು ನನ್ನ ಎಣಿಕೆ. ಒಲೆಯ ಮುಂದೆ ಹೇಳುವ ಕಥೆ ನಿದ್ದೆ ಬರುವ ಮೊದಲೇ ಮುಗಿಯಬೇಕು. ಹದಿನಾರು ನಿಮಿಷ ಅದಕ್ಕೆ ತಕ್ಕ ಅಳತೆ. ಕಥೆಗಳನ್ನು ಆಯುವಾಗಲೂ ಅವರು ಮಕ್ಕಳನ್ನು ಅತಿಯಾಗಿ ಮುಚ್ಚಟೆ ಮಾಡಲಿಲ್ಲ: ಗಂಜಿಯ ಕಥೆಯ ರಾಕ್ಷಸ ಹುಡುಗನ ಮಾತು ನಂಬಿ ತನ್ನ ಹೊಟ್ಟೆಯನ್ನು ತಾನೇ ಸೀಳಿಕೊಳ್ಳುತ್ತಾನೆ. ಮಕ್ಕಳು ಇದಕ್ಕೆ ನಗುತ್ತಾರೆ, ಹೆದರುವವರು ನಾವು.

ಮುಂದೆಯೂ ಹೀಗೆಯೇ ಆಯಿತು. ಶೆಲ್ ಔಕ್ರುಸ್ಟ್ ಅವರ ಪಾತ್ರಗಳನ್ನಿಟ್ಟುಕೊಂಡು 1970ರಲ್ಲಿ ಟೆಲಿವಿಷನ್ನಿಗೆಂದು ತೊಡಗಿದ ಕೆಲಸ ಸುಮಾರು ಒಂದೂವರೆ ವರ್ಷದ ಮೇಲೆ ನಿಂತುಹೋಯಿತು. ಉಳಿದ ಬೊಂಬೆಗಳಿಂದ, ಐದಾರು ಮಂದಿಯ ತಂಡದೊಡನೆ, ಮೂರೂವರೆ ವರ್ಷ ದುಡಿದು 1975ರಲ್ಲಿ 'ಫ್ಲೋಕ್ಲೀಪ ಗ್ರಾಂಪ್ರಿ' ಎಂಬ ದೊಡ್ಡ ಚಿತ್ರವನ್ನು ಹೊರತಂದರು. ಸುಮಾರು 40 ಲಕ್ಷ ಜನರಿದ್ದ ಆ ದೇಶದಲ್ಲಿ, ಅವರ ಸಂಸ್ಥೆಯ ಲೆಕ್ಕದಂತೆ, 55 ಲಕ್ಷ ಟಿಕೆಟುಗಳು ಮಾರಾಟವಾಗಿವೆ.

ಅದರ ಯಂತ್ರಗಳನ್ನೂ ಕಾರುಗಳನ್ನೂ ಮೆಚ್ಚುವವರು ಮೆಚ್ಚಲಿ. ತಾಯಿ ಇಂಗೆಬೋರ್ಗ್ 1960ರ ದಶಕದ ನಡುವೆಯೇ ತೀರಿಕೊಂಡಿದ್ದರು. ಈ ಚಿತ್ರದ ಬೊಂಬೆಗಳನ್ನು ಬೇರೆ ಕೈ ಮಾಡಿತು. ಕಪ್ರೀನೊ 2001ರಲ್ಲಿ ತೀರಿಕೊಂಡರು. ಆಸ್‌ಬ್ಯೊರ್ನ್‌ಸೆನ್ನರ ಆ ದೊಡ್ಡ ಚಿತ್ರ ಕೊನೆಗೂ ಆಗಲೇ ಇಲ್ಲ.